ಟ್ಯೂಬಿನ ಮೇಲಿನ ಹೆಸರು

ನನ್ನ ಎಡಗಾಲಿಗೆ ಈಗ ಮೂರೇ ಬೆರಳು. ಹೆಬ್ಬೆರಳು, ಅದರ ಮಗ್ಗುಲಿನದು, ಎರಡೂ ಹೋಗಿ ಎರಡು ವರ್ಷವಾಯಿತು. ಚಪ್ಪಲಿ ಕಾಲಲ್ಲಿ ನಿಲ್ಲುವುದಿಲ್ಲ, ಹೀಗಾಗಿ ಸುಡು ಬೇಸಿಗೆಯಲ್ಲೂ ಬೂಟು ಹಾಕಿಕೊಂಡೇ ತಿರುಗುತ್ತೇನೆ. ನಮ್ಮ ಅಕ್ಕೋಳದಲ್ಲಿ ನೋಡಿದವರು, ಅಣ್ಣಾಸಾಹೇಬರು ಮಿಲಿಟರಿ ಶಿಸ್ತು ಇನ್ನೂ ಬಿಟ್ಟಿಲ್ಲ ಅನ್ನುತ್ತಾರೆ. ನಾನು ಅವರನ್ನು ತಿದ್ದುವುದಿಲ್ಲ. ಜನ ನನ್ನನ್ನು ಇರುವುದಕ್ಕಿಂತ ಒಳ್ಳೆಯವನೆಂದು ತಿಳಿದುಕೊಂಡಾಗ ಸುಮ್ಮನಿರುವುದು ನನಗೆ ಬಹಳ ವರ್ಷಗಳ ರೂಢಿ.

ನಾವು ಮಾಜಿ ಸೈನಿಕರು ಔಷಧಿಗೆ ಹೋಗುವ ಪಾಲಿಕ್ಲಿನಿಕ್ ಚಿಕ್ಕೋಡಿಯಲ್ಲಿದೆ. ಅಲ್ಲಿನ ಡಾಕ್ಟರ್ ಮೇಡಂ ತಾವೂ ಸೈನ್ಯದಲ್ಲಿದ್ದು ಬಂದವರು, ಮೈಸೂರು ಕಡೆಯವರು. ಹೊಸದಾಗಿ ಪಿಂಚಣಿಗೆ ಬಂದವರು ಸಕ್ಕರೆ ಕಾಯಿಲೆಯನ್ನು ಲಕ್ಷ್ಯಕ್ಕೇ ತೆಗೆದುಕೊಳ್ಳುವುದಿಲ್ಲ, ನೀವು ನಿಮ್ಮ ಕಾಲು ತೋರಿಸಿ ನಾಲ್ಕು ಮಾತು ಹೇಳಿ ಎಂದು ಅವರು ಕೇಳಿದ ಮೇಲೆ ತಿಂಗಳಿಗೊಮ್ಮೆ ಕಾಯುವ ಕೋಣೆಯಲ್ಲಿ ನಿಂತು ಮಾತಾಡುತ್ತೇನೆ. ಬೂಟು ಬಿಚ್ಚಿ, ಕಾಲುಚೀಲ ತೆಗೆದು ತೋರಿಸುತ್ತೇನೆ. ಕೆಲವರು ಮುಖ ತಿರುಗಿಸುತ್ತಾರೆ. ಮುಗಿದ ಮೇಲೆ ಎದ್ದು ಬಂದು ಕೈ ಕುಲುಕಿ, ಧೈರ್ಯವಂತರು ನೀವು ಅನ್ನುತ್ತಾರೆ. ಆ ದಿನ ಮನೆಗೆ ಬಂದರೆ ನನಗೆ ಊಟ ಸೇರುವುದಿಲ್ಲ. ಯಾಕೆಂದರೆ ಅಲ್ಲಿ ಹೇಳುವುದು ಅರ್ಧ. ಉಳಿದರ್ಧದಲ್ಲಿ ಇನ್ನೊಬ್ಬನಿದ್ದಾನೆ, ಅವನ ಎರಡು ಕಿಡ್ನಿಗಳಿವೆ. ಅದನ್ನು ಇಲ್ಲಿ ಬರೆಯುತ್ತೇನೆ. ಫೈಲು ತೊಡೆಯ ಮೇಲಿಟ್ಟುಕೊಂಡು, ಫೈಲಿನಲ್ಲಿಲ್ಲದ ಸಂಗತಿಯೊಂದನ್ನು ಹೊಟ್ಟೆಯಲ್ಲಿಟ್ಟುಕೊಂಡು ಎಲ್ಲಾದರೂ ಯಾರಾದರೂ ಕೂತಿದ್ದರೆ, ತಾವೊಬ್ಬರೇ ಅಲ್ಲ ಎಂದು ಅವರಿಗೆ ತಿಳಿಯಲಿ.

ಸೈನ್ಯದಲ್ಲಿ ನಾನು ನರ್ಸಿಂಗ್ ಅಸಿಸ್ಟೆಂಟ್ ಆಗಿದ್ದೆ. ಬಂದೂಕಿಗಿಂತ ಸೂಜಿ ಹಿಡಿದದ್ದೇ ಹೆಚ್ಚು. ಯೂನಿಟ್ಟಿನ ದವಾಖಾನೆಗೆ ಎಂ.ಐ. ರೂಮ್ ಅನ್ನುತ್ತಾರೆ. ಬೆಳಿಗ್ಗೆ ಅಲ್ಲಿಗೆ ಬಂದ ಜವಾನರಲ್ಲಿ ಯಾರಿಗೆ ನಿಜವಾದ ಜ್ವರ, ಯಾರಿಗೆ ಪಿ.ಟಿ. ತಪ್ಪಿಸುವ ಜ್ವರ ಎಂದು ಮುಖ ನೋಡಿಯೇ ಹೇಳುತ್ತೇನೆ ಎಂಬ ಜಂಬ ನನಗಿತ್ತು. ಬಹಾನೆಬಾಜ, ನೆಪಗಾರ ಎಂದು ಎಷ್ಟೋ ಜನರನ್ನು ಎಲ್ಲರೆದುರು ಬೈದಿದ್ದೇನೆ. ದೂರದ ನಡಿಗೆ ಮುಗಿಸಿ ಬಂದ ದಿನ ಇಡೀ ಕಂಪನಿ ಬೂಟು ಬಿಚ್ಚಿ ಸಾಲಾಗಿ ಕೂರುತ್ತಿತ್ತು. ನಾನು ಬಗ್ಗಿ ಒಬ್ಬೊಬ್ಬರ ಅಂಗಾಲು, ಬೆರಳ ಸಂದು ನೋಡುತ್ತ ಹೋಗುತ್ತಿದ್ದೆ. ಅಷ್ಟು ಕಾಲು ನೋಡಿದ ಮನುಷ್ಯ ತನ್ನ ಕಾಲು ನೋಡಿಕೊಳ್ಳಲಿಲ್ಲ.

ಕಬ್ಬು ಕಡಿದ ಮೇಲೆ ಹೊಲದಲ್ಲಿ ಉಳಿಯುವ ಕೂಳೆ ಬಲು ಚೂಪು. ಎರಡು ವರ್ಷದ ಹಿಂದೆ ಒಂದು ದಿನ ಅದು ನನ್ನ ಚಪ್ಪಲಿಯನ್ನು ತೂರಿ ಒಳಗೆ ಹೋಗಿದೆ, ನನಗೆ ಗೊತ್ತೇ ಆಗಿಲ್ಲ. ಮನೆಗೆ ಬಂದು ಚಹಾ ಕುಡಿಯುತ್ತ ಕೂತಿದ್ದೆ. ನನ್ನ ಹೆಂಡತಿ ಸುನಂದಾ ಬಾಗಿಲಿಂದ ಕಟ್ಟೆಯವರೆಗೆ ನೆಲ ನೋಡಿ, ಯಾರ ಕಾಲಿನಿಂದ ಇಷ್ಟು ರಕ್ತ ಬಂದಿದೆ ಎಂದಳು. ನಾನೂ ಯಾರದಿರಬಹುದು ಎಂದು ಅತ್ತಿತ್ತ ನೋಡಿದೆ.

ಆಗಲೇ ಹೋಗಿದ್ದರೆ ಬೆರಳು ಉಳಿಯುತ್ತಿದ್ದವೇನೋ. ನಾನು ಹೋಗಲಿಲ್ಲ. ಊರಿಗೆಲ್ಲ ಮುಲಾಮು ಹಚ್ಚುವವನು ನಾನು, ನನ್ನ ಗಾಯಕ್ಕೆ ಇನ್ನೊಬ್ಬರೇ ಎಂದು ನಾನೇ ಪಟ್ಟಿ ಕಟ್ಟಿಕೊಂಡು ಹತ್ತು ದಿನ ಕಾಲುಚೀಲದೊಳಗೆ ಮುಚ್ಚಿಟ್ಟೆ. ಹನ್ನೊಂದನೇ ದಿನ ಸುನಂದಾ ಮೂಗಿಗೆ ಸೆರಗು ಹಿಡಿದು ಕೋಣೆಗೆ ಬಂದಳು. ಮನೆಯಲ್ಲಿ ಇಲಿ ಸತ್ತಿದೆಯೆಂದು ಎರಡು ದಿನದಿಂದ ಹುಡುಕುತ್ತಿದ್ದಳಂತೆ.

ಪಾಲಿಕ್ಲಿನಿಕ್ಕಿನ ಕಾಯುವ ಕೋಣೆಯಲ್ಲಿ ಕುರ್ಚಿಗಳೆಲ್ಲ ಒಂದೇ ತರಹದವು. ಆದರೂ ನಮ್ಮವರು ಹಳೇ ದರ್ಜೆಯ ಪ್ರಕಾರವೇ ಕೂರುತ್ತಾರೆ. ಸುಬೇದಾರರು ಮುಂದೆ ಫ್ಯಾನಿನ ಕೆಳಗೆ, ಹವಾಲ್ದಾರರು ಹಿಂದೆ ಗೋಡೆಗುಂಟ. ಹೀಗೆ ಕೂರಿ ಎಂದು ಯಾರೂ ಹೇಳಿಲ್ಲ. ಆ ದಿನ ಮುಂದಿನ ಸಾಲಿನಲ್ಲಿದ್ದ ಹವಾಲ್ದಾರನೊಬ್ಬ ನನ್ನನ್ನು ನೋಡಿ ಎದ್ದು, ಬರ್ರಿ ಸಾಹೇಬ್ರ ಎಂದು ಜಾಗ ಬಿಟ್ಟ. ನನ್ನ ಕಾಲಿನ ವಾಸನೆ ಅವನಿಗೆ ಖಂಡಿತ ಬಂದಿತ್ತು. ನಾಯಬ್ ಸುಬೇದಾರ ಎಂಬ ಎರಡು ಪದಕ್ಕೆ ಅವನು ಎದ್ದಿದ್ದ. ಆ ಎರಡು ಪದಕ್ಕಾಗಿ ನಾನು ಏನು ಮಾಡಿದ್ದೆ ಎಂದು ಅವನಿಗೇನು ಗೊತ್ತು.

ಮೇಡಂ ನನ್ನನ್ನು ಮಲಗಿಸಿ ಕಣ್ಣು ಮುಚ್ಚಿಕೊಳ್ಳಲು ಹೇಳಿದರು. ನೈಲಾನ್ ಎಳೆಯೊಂದನ್ನು ಅಂಗಾಲಿಗೆ ಅಲ್ಲಲ್ಲಿ ತಾಕಿಸಿ, ಗೊತ್ತಾದಾಗ ಹೌದು ಎನ್ನಬೇಕು. ಆ ಪರೀಕ್ಷೆ ನನಗೆ ಗೊತ್ತಿದ್ದದ್ದೇ. ಅಂದಾಜಿನ ಮೇಲೆ ನಡುನಡುವೆ ಹೌದು, ಹೌದು ಎನ್ನುತ್ತ ಹೋದೆ.

“ಸುಬೇದಾರ್ ಸಾಹೇಬ್ರೇ, ನಾನಿನ್ನೂ ಮುಟ್ಟೇ ಇಲ್ಲ,” ಎಂದರು ಮೇಡಂ.

ಸಕ್ಕರೆ ಎಷ್ಟು ವರ್ಷದಿಂದ ಎಂದು ಕೇಳಿದರು. ಎರಡು ವರ್ಷ ಎಂದೆ. ಅವರು ಸೈನ್ಯದಿಂದ ಬಂದ ನನ್ನ ಕಾಗದಗಳನ್ನು ತಿರುವಿದರು. ವರ್ಷಕ್ಕೊಂದು ತಪಾಸಣೆ, ಪ್ರತಿ ವರ್ಷವೂ ಸಕ್ಕರೆ ಸರಿ. ಕಾಗದ ನೋಡಿದರು, ಕಾಲು ನೋಡಿದರು, ಮತ್ತೆ ಕಾಗದ ನೋಡಿದರು. ಈ ಕಾಲು ಎರಡು ವರ್ಷದ್ದಲ್ಲ, ಹತ್ತು ವರ್ಷವಾದರೂ ಆಗಿದೆ ಎಂದರು. ಪಕ್ಕದಲ್ಲಿ ನಿಂತಿದ್ದ ಸುನಂದಾ ಅಪರಾಧಿಯ ಹಾಗೆ ತಲೆ ತಗ್ಗಿಸಿದಳು. ಪಿಂಚಣಿಗೆ ಬಂದ ಮೇಲೆ ತಾನು ಹಬ್ಬಕ್ಕೊಮ್ಮೆ ಹೋಳಿಗೆ ಮಾಡಿ ಬಡಿಸಿದ್ದರಿಂದಲೇ ಹೀಗಾಯಿತು ಎಂದು ಅವಳ ತಿಳಿವಳಿಕೆ. ಮರುದಿನ ಬಸದಿಗೆ ಹೋಗಿ ಒಂದು ವರ್ಷ ಬೆಲ್ಲ ಮುಟ್ಟುವುದಿಲ್ಲ ಎಂದು ನಿಯಮ ತೆಗೆದುಕೊಂಡು ಬಂದಳು. ನಮ್ಮ ಜೈನರಲ್ಲಿ ಹೀಗೆ ಇಷ್ಟದ್ದನ್ನು ಬಿಡುವುದುಂಟು. ನನ್ನ ಕಾಲಿಗಾಗಿ ಅವಳು ಬೆಲ್ಲ ಬಿಟ್ಟಳು, ನಾನು ಬಿಡಗೊಟ್ಟೆ.

ನಿಜ ಇಷ್ಟು. ನನಗೆ ನಲವತ್ತು ತುಂಬಿದ ವರ್ಷ ಎಂ.ಐ. ರೂಮಿನಲ್ಲಿ ವಾರ್ಷಿಕ ತಪಾಸಣೆ ನಡೆದಿತ್ತು. ಮೂತ್ರಕ್ಕೆ ಪಟ್ಟಿ ಅದ್ದಿ ಬಣ್ಣ ನೋಡಿ ಬರೆಯುವ ಕೆಲಸ ನನ್ನದು. ನನ್ನದನ್ನೂ ಅದ್ದಿ ನೋಡಿದೆ. ಸಕ್ಕರೆಯ ಚೌಕ ಕಂದು ಬಣ್ಣಕ್ಕೆ ತಿರುಗಿತು. ಪಟ್ಟಿ ಹಳೆಯದಿರಬೇಕೆಂದು ಹೊಸ ಡಬ್ಬಿ ಒಡೆದೆ. ಅದೂ ಕಂದು. ನನ್ನ ಹೆಸರಿನ ಮುಂದೆ ನಿಲ್, ಅಂದರೆ ಏನೂ ಇಲ್ಲ, ಎಂದು ಬರೆದೆ.

ಸೈನ್ಯದಲ್ಲಿ ಕಾಯಿಲೆ ಕಾಗದಕ್ಕೆ ಬಂದರೆ ಮೆಡಿಕಲ್ ಕೆಟಗರಿ ಇಳಿಯುತ್ತದೆ, ಕೆಟಗರಿ ಇಳಿದವನ ಬಡ್ತಿ ಎಲ್ಲಿ ಬೇಕಾದರೂ ನಿಲ್ಲಬಹುದು. ನಾಯಬ್ ಸುಬೇದಾರರ ಪಟ್ಟಿಯಲ್ಲಿ ನನ್ನ ಹೆಸರು ಹತ್ತಿರ ಬರುತ್ತಿತ್ತು. ಹವಾಲ್ದಾರನಾಗಿಯೇ ಊರಿಗೆ ಇಳಿಯುವುದು ನನಗೆ ಬೇಡವಾಗಿತ್ತು, ಅಷ್ಟೇ ಕಾರಣ. ಹೊಟ್ಟೆಪಾಡಿನ ಪ್ರಶ್ನೆ ಇರಲಿಲ್ಲ. ಮಕ್ಕಳ ಓದು ನಿಲ್ಲುತ್ತಿರಲಿಲ್ಲ. ಬರೀ ಹೆಸರಿನ ಆಸೆ.

ನಲವತ್ತಾದವರ ರಕ್ತವೂ ದೊಡ್ಡ ಆಸ್ಪತ್ರೆಯ ಲ್ಯಾಬಿಗೆ ಹೋಗಬೇಕಿತ್ತು. ಅಲ್ಲಿ ನನ್ನ ಆಟ ನಡೆಯುವುದಿಲ್ಲ. ಆದರೆ ರಕ್ತ ತೆಗೆದು ಟ್ಯೂಬಿನ ಮೇಲೆ ಹೆಸರು ಬರೆಯುವವನು ನಾನೇ.

ನಮ್ಮ ಆಂಬುಲೆನ್ಸ್ ಓಡಿಸುತ್ತಿದ್ದವನು ಭೀಮಪ್ಪ, ರಾಯಬಾಗ ತಾಲೂಕಿನ ಅಲಖನೂರಿನವನು, ನನಗಿಂತ ಆರು ವರ್ಷ ಚಿಕ್ಕವನು. ಒಂದೇ ಸೀಮೆಯವನಿಗೆ ಸೈನ್ಯದಲ್ಲಿ ಗ್ರಾಂಯಿ ಅನ್ನುತ್ತಾರೆ. ಹಿಮದ ನಡುವೆ ಕೂತು ಇಬ್ಬರೂ ನಮ್ಮ ಕಡೆಯ ಕನ್ನಡ ಮಾತಾಡಿಕೊಂಡರೆ ಅರ್ಧ ರಜೆ ಸಿಕ್ಕ ಹಾಗಾಗುತ್ತಿತ್ತು. ಅವನು ನನ್ನನ್ನು ಉಸ್ತಾದ ಎಂದು ಕರೆಯುತ್ತಿದ್ದ. ನನ್ನ ಹೆಸರಿನಲ್ಲಿ ಸ್ವಲ್ಪ ರಕ್ತ ಕೊಡಬೇಕಾಗುತ್ತದೆ ಎಂದೆ. ಯಾಕೆ ಎಂದು ಅವನು ಕೇಳಲಿಲ್ಲ. ಎಡಗೈ ತೋಳು ಮಡಚಿ ಮೇಜಿನ ಮೇಲಿಟ್ಟ.

“ತಗೋರಿ ಉಸ್ತಾದ. ನಮ್ಮ ನಿಮ್ಮ ರಗತ ಏನ ಬ್ಯಾರೆ ಐತೇನ್ರಿ?”

ಮೂರು ವರ್ಷ ಹೀಗೆಯೇ ನಡೆಯಿತು. ನಾನು ಎಂ.ಐ. ರೂಮಿನ ಸಕ್ಕರೆ ಕಾಯಿಲೆಯ ಗುಳಿಗೆಗಳನ್ನು ಕದ್ದು ನುಂಗುತ್ತಿದ್ದೆ, ನೆನಪಾದಾಗ ಮಾತ್ರ. ನಾಲ್ಕನೆಯ ವರ್ಷ ಲ್ಯಾಬಿನ ವರದಿ ತರಲು ಹೋದವನೂ ನಾನೇ. ನನ್ನ ಹೆಸರಿನ ಕಾಗದದಲ್ಲಿ ಸಕ್ಕರೆ ಸರಿಯಿತ್ತು. ಕೆಳಗೆ ಕ್ರಿಯಾಟಿನಿನ್ ಎಂಬ ಸಾಲಿಗೆ ಕೆಂಪು ಗೆರೆ ಎಳೆದಿದ್ದರು. ಕಿಡ್ನಿ ಹೇಗೆ ನಡೆದಿದೆ ಎಂದು ಹೇಳುವ ಸಾಲು ಅದು. ಕಾಗದ ನನ್ನದು, ಕಿಡ್ನಿ ಭೀಮಪ್ಪನದು.

ಅವನ ವಯಸ್ಸಿಗೆ ತಪಾಸಣೆಯಲ್ಲಿ ರಕ್ತ ಇರಲಿಲ್ಲ, ಬರೀ ಮೂತ್ರ. ಅದರಲ್ಲಾದರೂ ಗೊತ್ತಾಗಬೇಕಿತ್ತು. ಆದರೆ ನೂರಾರು ಬಾಟಲಿಗಳ ಮುಂದೆ ಕೂತಾಗ ಗಟ್ಟಿಮುಟ್ಟಾಗಿ ಕಾಣುವವರದನ್ನು ನಾನು ಪಟ್ಟಿ ಅದ್ದದೆಯೇ ನಿಲ್, ನಿಲ್ ಎಂದು ಬರೆದುಬಿಡುತ್ತಿದ್ದೆ. ಭೀಮಪ್ಪ ಬಹಳ ಗಟ್ಟಿಮುಟ್ಟಾಗಿ ಕಾಣುತ್ತಿದ್ದ.

ಆ ಕಾಗದವನ್ನು ನಮ್ಮ ಡಾಕ್ಟರಿಗೆ ತೋರಿಸಿದ್ದರೆ ನನ್ನ ಕಥೆ ಅಲ್ಲಿಗೆ ಮುಗಿಯುತ್ತಿತ್ತು. ಬೇರೆ ದಾರಿಯೂ ಇತ್ತು. ಏನೋ ನೆಪ ಹೇಳಿ ಅವನ ರಕ್ತವನ್ನು ಅವನ ಹೆಸರಿನಲ್ಲೇ ಇನ್ನೊಮ್ಮೆ ಕಳಿಸಬಹುದಿತ್ತು. ಆಗ ಅದು ಹೊಳೆಯಲೇ ಇಲ್ಲ ಎಂದು ನನಗೆ ನಾನೇ ಹೇಳಿಕೊಂಡು ಎಷ್ಟೋ ವರ್ಷ ಕಳೆದೆ. ಹೊಳೆದಿತ್ತು. ಎರಡು ಹೆಸರಿನ ಮೇಲೆ ಒಂದೇ ತರಹದ ರಕ್ತ ಬಂದರೆ ಲ್ಯಾಬಿನಲ್ಲಿ ಯಾರಾದರೂ ಹೋಲಿಸಿಯಾರು ಎಂಬ ಹೆದರಿಕೆಗೆ ಕಳಿಸಲಿಲ್ಲ. ಕಾಗದ ಹರಿದು ಒಲೆಗೆ ಹಾಕಿದೆ. ಸ್ಯಾಂಪಲ್ ಕೆಟ್ಟಿತ್ತು ಎಂದು ಬರೆದು, ಬೇರೊಬ್ಬ ಜವಾನನ ರಕ್ತ ಕಳಿಸಿದೆ. ಭೀಮಪ್ಪನಿಗೆ ಮಾತ್ರ, ನೀರು ಜಾಸ್ತಿ ಕುಡಿಯೋ ಎಂದೆ. ಯಾಕ್ರಿ ಉಸ್ತಾದ ಎಂದ. ಉಷ್ಣ ಆಗಿದೆ ಎಂದೆ.

ಮುಂದೆ ನನಗೆ ಬಡ್ತಿ ಸಿಕ್ಕಿತು, ಬೇರೆ ಯೂನಿಟ್ಟಿಗೆ ವರ್ಗವಾಯಿತು, ಅಲ್ಲಿ ಬೇರೆ ತೋಳುಗಳು ಸಿಕ್ಕವು. ಭೀಮಪ್ಪ ಪಿಂಚಣಿಗೆ ಹೊರಡುವಾಗಿನ ತಪಾಸಣೆಯಲ್ಲಿ ಅವನ ಕಿಡ್ನಿಗಳು ಅರ್ಧಕ್ಕಿಂತ ಹೆಚ್ಚು ಹೋಗಿವೆಯೆಂದು ಗೊತ್ತಾಯಿತಂತೆ. ಸುದ್ದಿ ನನಗೆ ಫೋನಿನಲ್ಲಿ ಬಂತು. ನಾನು ಅವನಿಗೆ ಫೋನು ಮಾಡಲಿಲ್ಲ. ದಶಲಕ್ಷಣ ಪರ್ವ ಮುಗಿದಾಗ ಎಲ್ಲರಲ್ಲೂ ಕ್ಷಮೆ ಕೇಳುವ ರೂಢಿ ನಮ್ಮದು. ಪ್ರತಿ ವರ್ಷ ಮೊಬೈಲಿನಲ್ಲಿರುವ ಎಲ್ಲ ಹೆಸರುಗಳಿಗೂ ಹೂವಿನ ಚಿತ್ರದ ಕ್ಷಮೆ ಕಳಿಸುತ್ತಿದ್ದೆ. ಅವನಿಗೂ ಹೋಗುತ್ತಿತ್ತು. ಅವನು ಕೈ ಮುಗಿದ ಚಿತ್ರ ತಿರುಗಿ ಕಳಿಸುತ್ತಿದ್ದ. ಏನು ತಪ್ಪು ಎಂದು ಹೇಳದೆ ಕೇಳುವ ಕ್ಷಮೆ ಬಹಳ ಸಲೀಸು.

ಮೇಡಂ ಚೀಟಿ ಬರೆದು ನನ್ನನ್ನು ಕೊಲ್ಹಾಪುರದ ಆಸ್ಪತ್ರೆಗೆ ಕಳಿಸಿದರು. ಒಂದು ಬೆರಳು ತೆಗೆದರು, ಎಂಟು ದಿನ ನೋಡಿ ಇನ್ನೊಂದನ್ನೂ ತೆಗೆದರು. ಇಡೀ ಕಾಲೇ ಹೋಗಬಹುದು ಎಂದು ಮೊದಲೇ ಸಹಿ ಮಾಡಿಸಿಕೊಂಡಿದ್ದರಿಂದ ಎರಡೇ ಬೆರಳಿಗೆ ಮುಗಿಯಿತು ಎಂದು ಸುನಂದಾ ಬಸದಿಗೆ ಕಾಯಿ ಹೇಳಿಕೊಂಡಳು. ಡ್ರೆಸ್ಸಿಂಗ್ ಮಾಡುವ ನರ್ಸಮ್ಮ ನನ್ನ ಮಗಳಿಗಿಂತ ಚಿಕ್ಕವಳು. ಮೊದಲ ದಿನ ನಾನು ನಡುಗುವುದನ್ನು ನೋಡಿ, ಕಾಕಾ, ಘಾಬರೂ ನಕಾ ಎಂದು ಮರಾಠಿಯಲ್ಲಿ ಸಮಾಧಾನ ಹೇಳಿ, ಆ ಕಾಲನ್ನು ಮೂಗು ಮುರಿಯದೆ ತನ್ನ ಮಡಿಲ ಮೇಲಿಟ್ಟುಕೊಂಡಳು. ಈ ಸಲ ಕಬ್ಬು ಹೇಗಿದೆ ಎಂದು ಕೇಳುತ್ತ ಕೀವು ಒರೆಸಿದಳು. ನಾನು ಬೈದು ಕಳಿಸಿದ ಜವಾನರೆಲ್ಲ ನೆನಪಾಗಿ ಗೋಡೆ ಕಡೆ ಮುಖ ಮಾಡಿ ಅತ್ತೆ. ನೋವಿಗೆ ಅಳುತ್ತಿದ್ದೇನೆಂದು ಅವಳು ಇನ್ನೂ ಮೆಲ್ಲಗೆ ಒರೆಸಿದಳು. ಆ ಕಾಲಿಗೆ ನೋವೆಲ್ಲಿಂದ ಬರಬೇಕು?

ಸಕ್ಕರೆಯವರ ಕಿಡ್ನಿಯನ್ನೂ ನೋಡಬೇಕೆಂದು ನನ್ನನ್ನು ಗಾಲಿಕುರ್ಚಿಯಲ್ಲಿ ಕೆಳಗಿನ ಅಂತಸ್ತಿಗೆ ಒಯ್ದರು. ಡಯಾಲಿಸಿಸ್ ಕೋಣೆಯ ಮುಂದಿನ ಬೆಂಚಿನಲ್ಲಿ ಒಬ್ಬ ಕೂತಿದ್ದ, ಮುಖ ಕಪ್ಪಿಟ್ಟಿತ್ತು, ಅಂಗಿ ಮೈಮೇಲೆ ಜೋಲುತ್ತಿತ್ತು. ನಾನು ಗುರುತಿಸಲಿಲ್ಲ. ಅವನು ಗುರುತಿಸಿದ. ಎದ್ದು ನೆಟ್ಟಗೆ ನಿಂತು, “ಜೈ ಹಿಂದ್ ಉಸ್ತಾದ” ಎಂದ. ಆಮೇಲೆ ನನ್ನ ಕಾಲಿನ ಪಟ್ಟಿ ನೋಡಿ ಅವನ ಕಣ್ಣಲ್ಲೇ ನೀರು ಬಂತು. ಸೂಜಿ ಚುಚ್ಚಲು ನರ ಜೋಡಿಸಿದ ಅವನ ಎಡಗೈ ಮೊಣಕೈ ಹತ್ತಿರ ಹಗ್ಗದ ಹಾಗೆ ಉಬ್ಬಿತ್ತು. ನನಗೆ ರಕ್ತ ಕೊಟ್ಟ ಕೈ ಅದೇ.

ತನ್ನ ಹೆಂಡತಿ ಕಸ್ತೂರಿಗೆ ನನ್ನ ಪರಿಚಯ ಹೇಳಿದ. “ಇವರ ನೋಡ ನಮ್ಮ ಉಸ್ತಾದ. ಆವಾಗ ನೀರ ಜಾಸ್ತಿ ಕುಡಿ ಅಂತ ಇವರು ಹೇಳಿದ್ರು. ನಾನ ಕೇಳಲಿಲ್ಲ.”

ನಾನು ಗಾಲಿಕುರ್ಚಿ ತಳ್ಳುವವನಿಗೆ ಹೊರಡು ಎಂದು ಸನ್ನೆ ಮಾಡಿದೆ.

ರಾಯಬಾಗ ಕಡೆಯ ಡಯಾಲಿಸಿಸ್‌ನವರು ಸೇರಿ ಮಂಗಳವಾರ, ಶುಕ್ರವಾರ ಒಂದು ಕ್ರೂಸರ್ ಗಾಡಿ ಹೇಳಿದ್ದರು. ಮಂಗಳವಾರ ನನ್ನ ಡ್ರೆಸ್ಸಿಂಗ್. ಉಸ್ತಾದ ಬಸ್ಸಿನಲ್ಲಿ ಯಾಕೆ ಜೋಲಿ ಹೊಡೆಯಬೇಕು ಎಂದು ಭೀಮಪ್ಪ ಗಾಡಿಯನ್ನು ನಿಪ್ಪಾಣಿಯಲ್ಲಿ ನನಗಾಗಿ ನಿಲ್ಲಿಸತೊಡಗಿದ. ಕಾಲು ಚಾಚಲು ಮುಂದಿನ ಸೀಟು ನನಗೇ. ದಿನಕ್ಕೆ ಒಂದು ಸಣ್ಣ ಬಾಟಲಿಯಷ್ಟೇ ನೀರು ಅವನಿಗೆ. ನಾಲಿಗೆ ಒಣಗಿದಾಗ ಲವಂಗ ಬಾಯಲ್ಲಿಟ್ಟುಕೊಂಡು ಕೂರುತ್ತಿದ್ದ. ಕಸ್ತೂರಿ ಹಿಂದಿನಿಂದ ನನ್ನನ್ನು ನ್ಯಾಯಕ್ಕೆ ಕರೆಯುತ್ತಿದ್ದಳು.

“ಅಣ್ಣಾರ, ನೀವ ಹೇಳ್ರಿ. ಆವಾಗ ನಿಮ್ಮ ಮಾತ ಕೇಳಿ ನೀರ ಕುಡದಿದ್ರ ಇವರಿಗೆ ಈ ಗತಿ ಬರತಿತ್ತೇನ್ರಿ?”

ಭೀಮಪ್ಪ ಕಿಟಕಿ ಕಡೆ ಮುಖ ಮಾಡಿ ತಪ್ಪಿತಸ್ಥನ ನಗೆ ನಗುತ್ತಿದ್ದ. ಈ ಮಾತು ಅವರ ಮನೆಯಲ್ಲಿ ದಿನವೂ ನಡೆಯುತ್ತದೆಂದು ತಿಳಿಯಿತು. ಊಟಕ್ಕೆ ಕೂತಾಗ, ನೆಂಟರು ಬಂದಾಗ, ನೀರಿನ ಬಾಟಲಿ ಅಳೆದು ಕೊಡುವಾಗ. ನನ್ನ ತಪ್ಪು ಅವನ ಹೆಸರಿನಲ್ಲಿ ಅವನ ಮನೆ ಸೇರಿತ್ತು. ಹೇಳಬೇಕು ಎಂದುಕೊಂಡು ಗಾಡಿ ಹತ್ತುತ್ತಿದ್ದೆ, ಹೇಳದೆ ಇಳಿಯುತ್ತಿದ್ದೆ. ಎಂಟು ಮಂಗಳವಾರ ಹೀಗೆ ಹೋದವು. ಇಳಿಯುವಾಗ ಪ್ರತಿ ಸಲವೂ ಅವನು ನನ್ನ ಕೋಲು ಹಿಡಿದು ಕೊಡುತ್ತಿದ್ದ.

ಮೊದಲು ಬಾಯಿ ಬಿಟ್ಟದ್ದು ಮೇಡಂ ಮುಂದೆ. ನನ್ನ ಕಿಡ್ನಿಗೂ ಕಣ್ಣಿಗೂ ಸಕ್ಕರೆ ತಾಗಿದೆಯೆಂದು ಕೊಲ್ಹಾಪುರದ ಕಾಗದ ಹೇಳುತ್ತಿತ್ತು. ಅವರು ಅದೇ ಪ್ರಶ್ನೆ ಇನ್ನೊಮ್ಮೆ ಕೇಳಿದರು, ಎಷ್ಟು ವರ್ಷ. ಹನ್ನೆರಡು ಎಂದೆ. ಸುನಂದಾ ಪಕ್ಕದಲ್ಲಿಯೇ ಇದ್ದಳು. ಎಲ್ಲವನ್ನೂ ಹೇಳಿದೆ, ಕೆಂಪು ಗೆರೆಯ ಕಾಗದದವರೆಗೆ. ಮೇಡಂ ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು. ಪೆನ್ನು ಕೆಳಗಿಟ್ಟರು. ಆಗ ಗೊತ್ತಾಗಿದ್ದರೆ ಅವನ ಕಿಡ್ನಿ ಉಳಿಯುತ್ತಿದ್ದವೇ ಎಂದು ಕೇಳಿದೆ.

“ಖಚಿತವಾಗಿ ಹೇಳೋಕಾಗಲ್ಲ. ಔಷಧಿ ಶುರು ಮಾಡಿದ್ರೆ ಕೆಲವು ವರ್ಷ ಸಿಗ್ತಿತ್ತೇನೋ. ಆದ್ರೆ ನೀರು ಕುಡೀದೆ ಬಂದ ಕಾಯಿಲೆ ಅಲ್ಲ ಅದು. ಅಷ್ಟನ್ನಾದ್ರೂ ಅವರಿಗೆ ನೀವೇ ಹೇಳ್ಬೇಕು.”

ತಿರುಗಿ ಬರುವ ಬಸ್ಸಿನಲ್ಲಿ ಸುನಂದಾ ಕಿಟಕಿ ಕಡೆ ಕೂತಳು. ಹೋಳಿಗೆಯ ಪಾಪ ನಿನ್ನದಲ್ಲ, ಇನ್ನು ಬೆಲ್ಲ ತಿನ್ನು ಎಂದು ನಾನೇ ಮೆಲ್ಲಗೆ ಹೇಳಿದೆ.

“ಬೆಲ್ಲಾ ಬಸದ್ಯಾಗ ಬಿಟ್ಟೇನಿ, ನಿಮ್ಮ ಮುಂದ ಅಲ್ಲ,” ಎಂದಳು. “ವರ್ಷ ಮುಗಿಸ್ತೇನಿ. ನೀವು ಭೀಮಪ್ಪಗ ಯಾವಾಗ ಹೇಳ್ತೀರಿ, ಅದನ್ನ ಹೇಳ್ರಿ.”

ಆಸ್ಪತ್ರೆಗೆ ಕೊಡುವ ಚೀಟಿಯ ಅವಧಿ ಮುಗಿದರೆ ಪಾಲಿಕ್ಲಿನಿಕ್ಕಿಗೆ ಬಂದು ಹೊಸದು ಬರೆಸಿಕೊಳ್ಳಬೇಕು. ಮುಂದಿನ ವಾರ ಅದಕ್ಕೆಂದು ಭೀಮಪ್ಪ, ಕಸ್ತೂರಿ ಬಂದಿದ್ದರು. ಅವನು ಗೋಡೆಗುಂಟ ಹವಾಲ್ದಾರರ ಸಾಲಿನಲ್ಲಿದ್ದ. ನಾನು ಫ್ಯಾನಿನ ಕೆಳಗಿದ್ದೆ. ಎದ್ದು ಹೋಗಿ ಅವನ ಪಕ್ಕದ ಕುರ್ಚಿಯಲ್ಲಿ ಕೂತೆ. ಅಲ್ಲ್ಯಾಕ ಉಸ್ತಾದ, ಗಾಳಿ ಬರೂದಿಲ್ಲ ಎಂದ. ಕಸ್ತೂರಿ ಹೊರಗೆ ಹೋಗಲೆಂದು ಕಾಯುವ ಮನಸ್ಸಾಯಿತು. ಆದರೆ ಅವಳಿಗೆ ಕೇಳಿಸದಿದ್ದರೆ ಹೇಳಿ ಉಪಯೋಗವಿರಲಿಲ್ಲ.

“ಭೀಮಪ್ಪಾ, ನೀರ ಕುಡೀಲಿಲ್ಲಂತ ನಿನಗ ಇದು ಬಂದಿಲ್ಲ,” ಎಂದೆ. “ನನ್ನ ಹೆಸರಲೆ ನಿನ್ನ ರಗತ ಕಳಸತಿದ್ನೆಲ್ಲ, ನಾಕನೇ ವರ್ಷ ಅದರಾಗ ನಿನ್ನ ಕಿಡ್ನಿ ಕೆಡಾಕತ್ತಿದ್ದು ಬಂದಿತ್ತು. ಆ ಕಾಗದಾ ನಾ ಹರದ ಸುಟ್ನಿ.”

ಬಡ್ತಿಯ ಆಸೆ, ಒಲೆ, ಅದ್ದದ ಪಟ್ಟಿ, ಎಲ್ಲವನ್ನೂ ಹೇಳಿದೆ. ಹೇಳುವಾಗ ಅವನು ನನ್ನ ಮುಖ ನೋಡಲಿಲ್ಲ. ಬಲಗೈಯ ಎರಡು ಬೆರಳನ್ನು ಎಡಗೈಯ ಉಬ್ಬಿದ ನರದ ಮೇಲಿಟ್ಟುಕೊಂಡು ಕೂತಿದ್ದ.

“ನೀವು ನೋಡಿದ್ರಿ?” ಎಂದ.

“ನೋಡಿದ್ನಿ.”

“ನೋಡಿ, ನನಗ ನೀರ ಕುಡಿ ಅಂದ್ರಿ.”

ಅದು ಪ್ರಶ್ನೆಯಾಗಿರಲಿಲ್ಲ. ನಾನು ಎಲ್ಲವನ್ನೂ ಬರೆದು ಸಹಿ ಮಾಡಿ ತಂದಿದ್ದ ಕಾಗದ ಕೊಟ್ಟು, ಯಾರಿಗೆ ಬೇಕಾದರೂ ತೋರಿಸು ಎಂದೆ. ಅವನು ಓದದೆ ಮಡಚಿ ಫೈಲಿನೊಳಗಿಟ್ಟ. ಅದನ್ನು ಏನು ಮಾಡಿದನೋ, ನಾನು ಕೇಳಿಲ್ಲ.

ಕಸ್ತೂರಿ ನನ್ನನ್ನು ಬೈಯುತ್ತಾಳೆಂದು ಕಾದೆ. ಅವಳು ನನ್ನ ಕಡೆ ತಿರುಗಲೇ ಇಲ್ಲ. ನಾಲ್ಕು ಜನರ ಎದುರು ಗಂಡನನ್ನು ಮುಟ್ಟುವುದು ನಮ್ಮ ಕಡೆ ಇಲ್ಲ. ಅವಳು ಅವನ ಮೊಣಕಾಲ ಮೇಲೆ ಕೈಯಿಟ್ಟಳು.

“ಇಷ್ಟ ದಿನಾ ನಿಮಗ ಅಂದ್ನೆಲ್ರಿ,” ಎಂದಳು. “ದಿನಾ ಅಂದ್ನಿ.”

ಅವನು ಹೂಂ ಎಂದ. ಅವರ ನಂಬರು ಕೂಗಿದರು. ಇಬ್ಬರೂ ಎದ್ದು ಹೋದರು.

ಹೇಳಿಬಿಟ್ಟರೆ ಎದೆ ಹಗುರಾಗುತ್ತದೆ ಅನ್ನುತ್ತಾರೆ. ನನಗೆ ಆಗಲಿಲ್ಲ. ಹಗುರಾದದ್ದು ಅವರ ಮನೆ ಇರಬೇಕು, ಆಗಬೇಕಾದದ್ದೂ ಅಲ್ಲಿಯೇ. ಮುಂದಿನ ಮಂಗಳವಾರ ಕ್ರೂಸರ್ ನಿಪ್ಪಾಣಿಯಲ್ಲಿ ನಿಂತಿತು. ಮುಂದಿನ ಸೀಟಿನಲ್ಲಿ ಕಸ್ತೂರಿ ಕೂತಿದ್ದಳು. ಹಿಂದೆ ಜಾಗ ಇದೆ ಎಂದು ಡ್ರೈವರ್ ಹೇಳಿದ. ಬಸ್ಸಿಗೆ ಬರುತ್ತೇನೆ ಎಂದೆ. ಅಂದಿನಿಂದ ಬಸ್ಸೇ. ಗಾಯ ಮಾಯ್ದಿದೆ, ಇನ್ಸುಲಿನ್ ನಾನೇ ಚುಚ್ಚಿಕೊಳ್ಳುತ್ತೇನೆ, ದಿನಕ್ಕೆರಡು ಸಲ ಕನ್ನಡಿ ನೆಲಕ್ಕಿಟ್ಟು ಅಂಗಾಲು ನೋಡಿಕೊಳ್ಳುತ್ತೇನೆ. ಸುನಂದಾ ವರ್ಷ ಮುಗಿಸಿದ ದಿನ ಒಂದು ಚೂರು ಬೆಲ್ಲ ಬಾಯಿಗೆ ಹಾಕಿಕೊಂಡು, ರುಚಿ ಮರೆತೇ ಹೋಗಿತ್ತು ಎಂದಳು. ಪಾಲಿಕ್ಲಿನಿಕ್ಕಿನಲ್ಲಿ ಈಗ ನಾನು ಗೋಡೆಗುಂಟ ಕೂರುತ್ತೇನೆ. ಸಾಹೇಬರಿಗೆ ಫ್ಯಾನಿನ ಗಾಳಿ ಆಗುವುದಿಲ್ಲ ಎಂದು ಜನ ತಿಳಿದಿದ್ದಾರೆ.

ಹೋದ ತಿಂಗಳು ಭೀಮಪ್ಪನೂ ನಾನೂ ಒಂದೇ ದಿನ ರಕ್ತ ಕೊಡಲು ಬಂದಿದ್ದೆವು. ಜೈ ಹಿಂದ್ ಎಂದೆ. ಜೈ ಹಿಂದ್ ಎಂದ. ಉಸ್ತಾದ ಎಂಬ ಮುಂದಿನ ಪದ ಈಗ ಬರುವುದಿಲ್ಲ. ಅವನ ಸರದಿ ಮೊದಲಿತ್ತು. ಎಡಗೈ ಮುಟ್ಟುವಂತಿಲ್ಲವಾದ್ದರಿಂದ ಬಲಗೈ ತೋಳು ಮಡಚಿದ. ಸೂಜಿ ಹತ್ತಿರ ಬಂದಾಗ ಕೈ ಹಿಂದಕ್ಕೆಳೆದುಕೊಂಡು, “ಹೆಸರ ತೋರಸ್ರಿ ಜರಾ,” ಎಂದು ಲ್ಯಾಬಿನವನಿಗೆ ಹೇಳಿದ. ಟ್ಯೂಬು ತೆಗೆದುಕೊಂಡು, ಜೇಬಿನಿಂದ ಕನ್ನಡಕ ಹಾಕಿಕೊಂಡು, ತನ್ನ ಹೆಸರನ್ನು ಅಕ್ಷರಕ್ಕೆ ಅಕ್ಷರ ಓದಿದ. ಆಮೇಲೆ ಕೈ ಚಾಚಿದ.

ನಂತರ ನಾನು ಅದೇ ಕುರ್ಚಿಯಲ್ಲಿ ಕೂತೆ. ಭೀಮಪ್ಪ ತೋಳಿಗೆ ಹತ್ತಿ ಒತ್ತಿಕೊಂಡು ಬಾಗಿಲಲ್ಲೇ ನಿಂತಿದ್ದ. ನನ್ನ ಹೆಸರು ಬರೆದ ಟ್ಯೂಬಿಗೆ ನನ್ನದೇ ರಕ್ತ ತುಂಬುವವರೆಗೂ ಕಣ್ಣು ತೆಗೆಯದೆ ನೋಡಿ, ಆಮೇಲೆ ಹೋದ.